ವರ್ಗಾವಣೆಗೆ ತಡೆ ತರುವುದು ಸರಿಯೇ?

ಮೇ-ಜೂನ್ ಬಂತೆಂದರೆ ಮಣಿಪಾಲದ ಜಿಲ್ಲಾಡಳಿತ ಕಚೇರಿ ರಜತಾದ್ರಿಯಿಂದ ಹಿಡಿದು ಕಾಪು, ಕಾರ್ಕಳದ ತಾಲೂಕು ಕಚೇರಿಗಳವರೆಗೆ ನೌಕರರ ಮಾತೆಲ್ಲ ವರ್ಗಾವಣೆಯ ಸುತ್ತಲೇ. ಬೇಡದ ಊರಿಗೆ ಆದೇಶ ಬಂದವರಿಗೆ ಸಹೋದ್ಯೋಗಿಗಳು ಕೇಳುವ ಮೊದಲ ಪ್ರಶ್ನೆ, ‘ಕೆಎಟಿಗೆ ಹೋಗ್ತೀರಾ?’ 1986ರಲ್ಲಿ ಆರಂಭವಾದ ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಯೇ ಈ ಕೆಎಟಿ. ರಾಜ್ಯ ಸರ್ಕಾರಿ ನೌಕರರ ಸೇವಾ ತಕರಾರು ಮೊದಲು ಹೋಗಬೇಕಾದ್ದು ಅಲ್ಲಿಗೆ. ಅಲ್ಲಿ ಸೋತರೆ ಹೈಕೋರ್ಟಿನ ವಿಭಾಗೀಯ ಪೀಠಕ್ಕೆ.

ಸರ್ಕಾರದ ವಾದವನ್ನು ಸುಲಭವಾಗಿ ತಳ್ಳಿಹಾಕುವಂತಿಲ್ಲ. ಉಡುಪಿ, ಮಣಿಪಾಲದಲ್ಲಿ ಇರಲು ಬಯಸುವವರಿಗೆ ಕೊರತೆಯಿಲ್ಲ; ಮಕ್ಕಳಿಗೆ ಶಾಲೆ-ಕಾಲೇಜು, ಹಿರಿಯರಿಗೆ ಆಸ್ಪತ್ರೆ ಎಲ್ಲ ಹತ್ತಿರ. ಕಾರ್ಕಳದಾಚೆ ಘಟ್ಟದ ಬುಡದ ಮಾಳ, ಈದು ಕಡೆಗೂ ಯಾರಾದರೂ ಹೋಗಲೇಬೇಕಲ್ಲ? ಒಂದೇ ಕುರ್ಚಿಯಲ್ಲಿ ವರ್ಷಗಟ್ಟಲೆ ಕೂತವರ ಸುತ್ತ ಮಧ್ಯವರ್ತಿಗಳು ಬೆಳೆಯುವುದನ್ನು ಸರ್ಕಾರಿ ಕಚೇರಿಗೆ ಅಲೆದವರೆಲ್ಲ ಬಲ್ಲರು. 1993ರ ಎಸ್.ಎಲ್. ಅಬ್ಬಾಸ್ ಪ್ರಕರಣದಲ್ಲಿ ಶಿಲ್ಲಾಂಗ್‌ನಿಂದ ಪೌರಿಗೆ ವರ್ಗವಾದ ಕೇಂದ್ರ ನೌಕರ, ಪತ್ನಿಯ ಕೆಲಸ ಶಿಲ್ಲಾಂಗ್‌ನಲ್ಲೇ ಇದೆ ಎಂದು ವಾದಿಸಿದ್ದರು. ದಂಪತಿಯನ್ನು ಒಂದೇ ಕಡೆ ಇರಿಸುವ ಮಾರ್ಗಸೂಚಿಯನ್ನು ಅಧಿಕಾರಿಗಳು ಗಮನಿಸಬೇಕು ನಿಜ, ಆದರೆ ಅದು ಕಾನೂನಿನ ಹಕ್ಕಲ್ಲ ಎಂದಿತು ಸುಪ್ರೀಂ ಕೋರ್ಟ್. ದುರುದ್ದೇಶ ಇಲ್ಲದಿದ್ದರೆ, ಶಾಸನದ ನಿಯಮ ಮುರಿಯದಿದ್ದರೆ ನ್ಯಾಯಾಲಯ ಕೈಹಾಕಬಾರದು.

ಆದರೆ ಆದೇಶದ ಪ್ರತಿಯನ್ನೊಮ್ಮೆ ಓದಿ ನೋಡಬೇಕು. ‘ಸಾರ್ವಜನಿಕ ಹಿತದೃಷ್ಟಿಯಿಂದ, ಈ ಕೂಡಲೇ ಜಾರಿಗೆ ಬರುವಂತೆ, ಮುಂದಿನ ಆದೇಶದವರೆಗೆ’ ಎಂಬ ಅದೇ ಸಾಲು, ಕೆಳಗೆ ಕೋಷ್ಟಕ, ಒಂದು ಅಂಕಣದಲ್ಲಿ ಈಗಿನ ಹುದ್ದೆ, ಇನ್ನೊಂದರಲ್ಲಿ ಹೊಸ ಹುದ್ದೆ. ಯಾಕೆ ಎಂಬುದಕ್ಕೆ ಅಂಕಣವೇ ಇಲ್ಲ. ಆದೇಶದ ಹಿಂದೆ ಯಾವ ಶಾಸಕರ ಶಿಫಾರಸು ಪತ್ರವಿತ್ತು ಎಂಬುದು ಎಷ್ಟೋ ಸಲ ಹೊರಬೀಳುವುದು ನ್ಯಾಯಮಂಡಳಿ ಕಡತ ತರಿಸಿಕೊಂಡಾಗಲೇ. ಕರ್ನಾಟಕದ್ದೇ ಆದ ಬಿ. ವರದರಾವ್ ಪ್ರಕರಣದಲ್ಲಿ 1986ರಲ್ಲಿ ಸುಪ್ರೀಂ ಕೋರ್ಟ್, ವರ್ಗಾವಣೆ ನೌಕರಿಯ ಸಹಜ ಅಂಗವೆಂದು ಹೇಳಿದ ತೀರ್ಪಿನಲ್ಲೇ, ಹೊತ್ತುಗೊತ್ತಿಲ್ಲದ ಪದೇಪದೇ ವರ್ಗಾವಣೆ ಸಂಸಾರವನ್ನೇ ಬುಡಮೇಲು ಮಾಡುತ್ತದೆ ಎಂದೂ ಎಚ್ಚರಿಸಿತ್ತು. ಪಂಜಾಬ್ ಅಂಡ್ ಸಿಂಧ್ ಬ್ಯಾಂಕಿನ ಮಹಿಳಾ ಅಧಿಕಾರಿಯೊಬ್ಬರ ಇಂದೋರ್‌ನಿಂದಾಚೆಯ ವರ್ಗಾವಣೆ ರದ್ದಾದುದನ್ನು 2020ರಲ್ಲಿ ಸುಪ್ರೀಂ ಕೋರ್ಟ್ ಎತ್ತಿಹಿಡಿಯಿತು. ಶಾಖೆಯ ಅವ್ಯವಹಾರದ ಬಗ್ಗೆ ಬರೆದು, ಮೇಲಧಿಕಾರಿಯ ಕಿರುಕುಳದ ದೂರು ಕೊಟ್ಟಿದ್ದವರು ಅವರು. ಕಾಪು ಬಳಿಯ ಉಚ್ಚಿಲದವರಾದ ಅನುಪಮಾ ಶೆಣೈ 2016ರಲ್ಲಿ ಕೂಡ್ಲಿಗಿಯ ಡಿವೈಎಸ್‌ಪಿ ಆಗಿದ್ದಾಗ ಇಂಡಿಗೆ ವರ್ಗವಾದರು. ಅದು ಹಿಂದಕ್ಕೆ ಹೋದದ್ದು ಕೋರ್ಟಿನಿಂದಲ್ಲ, ಜನ ಬೀದಿಗಿಳಿದದ್ದರಿಂದ. ಪ್ರತಿಯೊಬ್ಬ ಗುಮಾಸ್ತನಿಗಾಗಿ ಊರು ಬೀದಿಗಿಳಿಯುವುದಿಲ್ಲ. ಅಂಥವರಿಗೆ ನ್ಯಾಯಮಂಡಳಿಯೊಂದೇ ದಾರಿ.

ಹಾಗೆಂದು ತಡೆಯಾಜ್ಞೆಯ ಬಿಸಿ ಸರ್ಕಾರಕ್ಕೆ ಮಾತ್ರ ತಾಗುವುದಿಲ್ಲ. ಬರಬೇಕಾದ ಇನ್ನೊಬ್ಬರು ಹಳೆಯ ಕಚೇರಿಯಿಂದ ರಿಲೀವ್ ಆಗಿರುತ್ತಾರೆ, ಹೊಸ ಕಡೆ ಚಾರ್ಜ್ ಸಿಗುವುದಿಲ್ಲ. ಸಂಬಳ ನಿಲ್ಲುತ್ತದೆ, ಪಹಣಿ ತಿದ್ದುಪಡಿಗೆ ಬಂದವರಿಗೆ ಯಾರ ಸಹಿ ನಡೆಯುತ್ತದೆಂದೇ ತಿಳಿಯುವುದಿಲ್ಲ. ಕರಾವಳಿಯಲ್ಲಿ ಪಾಠ ಹೇಳುವ ಉತ್ತರ ಕರ್ನಾಟಕದ ಎಷ್ಟೋ ಶಿಕ್ಷಕರು ತವರು ಜಿಲ್ಲೆಯ ವರ್ಗಾವಣೆಗೆ ಕಾಯುತ್ತಿದ್ದಾರೆ. ಒಂದು ಕಡೆ ಸರಪಳಿ ತುಂಡಾದರೆ ಅವರ ಸರದಿಯೂ ನಿಲ್ಲುತ್ತದೆ. ತಡೆಯಾಜ್ಞೆಯನ್ನು ಬರೀ ನೌಕರನ ಗೆಲುವೆಂದು ಸಂಭ್ರಮಿಸಲು ನನಗೆ ಮನಸ್ಸು ಬರುವುದಿಲ್ಲ.

2013ರ ಜೂನ್ 7ರ ಸರ್ಕಾರಿ ಆದೇಶ ಒಂದೇ ಕಡೆಯ ಕನಿಷ್ಠ ಅವಧಿಯನ್ನು ಗೊತ್ತುಮಾಡಿತು: ಗ್ರೂಪ್ ಎ ಮತ್ತು ಬಿಗೆ 2 ವರ್ಷ, ಸಿಗೆ 4, ಡಿಗೆ 7. ಅವಧಿಗೆ ಮುಂಚೆ ಎತ್ತಂಗಡಿ ಮಾಡಲು ಮುಖ್ಯಮಂತ್ರಿಯ ಪೂರ್ವಾನುಮತಿ ಬೇಕು, ಕಾರಣವನ್ನೂ ದಾಖಲಿಸಬೇಕು. ಅವಧಿಪೂರ್ವ ವರ್ಗಾವಣೆಯ ಅರ್ಜಿಗಳಲ್ಲಿ ವಾದವೆಲ್ಲ ತಿರುಗುವುದು ಇಲ್ಲಿಯೇ. ಮುಖ್ಯಮಂತ್ರಿಯ ಒಪ್ಪಿಗೆ ಸಿಕ್ಕಿತೆಂಬುದಷ್ಟೇ ಕಾರಣವಾಗುವುದಿಲ್ಲ. ಶಿಕ್ಷಕರಿಗೆ 2007ರಲ್ಲಿ, ವೈದ್ಯಾಧಿಕಾರಿಗಳಿಗೆ 2011ರಲ್ಲಿ ಪ್ರತ್ಯೇಕ ವರ್ಗಾವಣೆ ಕಾಯ್ದೆಗಳೇ ಬಂದವು. ಶಿಕ್ಷಕರ ಕಾಯ್ದೆ 2020ರಲ್ಲಿ ಹೊಸದಾಯಿತು. ಖಾಲಿ ಹುದ್ದೆಗಳ ಪಟ್ಟಿ ಎದುರಿಗಿಟ್ಟು ಕೌನ್ಸೆಲಿಂಗ್ ನಡೆಸಿದರೂ ದೂರುಗಳು ತಪ್ಪಿಲ್ಲ. ಆದರೂ ತನ್ನ ಮುಂದೆ ಇದ್ದವರು ಯಾರು, ಏಕೆ ಎಂಬುದಾದರೂ ಶಿಕ್ಷಕರಿಗೆ ಗೊತ್ತಾಗುತ್ತದೆ. ಕಂದಾಯ, ಪೊಲೀಸ್, ನೋಂದಣಿ ಇಲಾಖೆಗಳಿಗೂ ಅಷ್ಟು ಪಾರದರ್ಶಕತೆ ಬೇಕು. ಕಾರಣ ಬರೆದ ಆದೇಶವನ್ನು ನ್ಯಾಯಮಂಡಳಿ ಮುಟ್ಟದಿರಲಿ, ಬರೆಯದ ಆದೇಶ ನಿಲ್ಲದಿರಲಿ ಎಂಬುದು ನನ್ನ ನಿಲುವು.

ತಡೆಯಾಜ್ಞೆ ಎಳೆದಾಡದಂತೆ ಕಾನೂನೇ ಕಡಿವಾಣ ಹಾಕಿದೆ. 1985ರ ಆಡಳಿತ ನ್ಯಾಯಮಂಡಳಿಗಳ ಕಾಯ್ದೆಯ 24ನೇ ಸೆಕ್ಷನ್ ಪ್ರಕಾರ, ಎದುರು ಪಕ್ಷವನ್ನು ಕೇಳದೆ ಕೊಟ್ಟ ಮಧ್ಯಂತರ ಆದೇಶ ವಿಸ್ತರಣೆಯಾಗದಿದ್ದರೆ 14 ದಿನಕ್ಕೆ ಬಿದ್ದುಹೋಗುತ್ತದೆ. ಆ ಅವಧಿಯೊಳಗೇ ಸರ್ಕಾರ ಕಡತ ಹಾಜರುಪಡಿಸಿದರೆ ಎರಡೂ ಕಡೆಯವರ ಅರ್ಧ ಸಂಕಟ ಕಳೆಯುತ್ತದೆ. ಇನ್ನು ದೂರದ ಮಾತು. ಬೆಳಗಾವಿ, ಕಲಬುರಗಿಗೆ ಕೆಎಟಿ ಪೀಠ ಬಂದಿದೆ, ಕರಾವಳಿಗೆ ಇಲ್ಲ. ಕಾರ್ಕಳದ ಗ್ರೂಪ್ ಡಿ ನೌಕರ ಪ್ರತಿ ವಿಚಾರಣೆಗೂ ರಜೆ ಹಾಕಿ, ರಾತ್ರಿ ಬಸ್ಸು ಹತ್ತಿ ಬೆಂಗಳೂರಿಗೆ ಹೋಗಬೇಕು, ಇಲ್ಲವೇ ಎಲ್ಲವನ್ನೂ ವಕೀಲರಿಗೆ ಒಪ್ಪಿಸಿ ಫೀಸು ಹೊಂದಿಸಬೇಕು. ಮಂಗಳೂರಿನಲ್ಲಿ ತಿಂಗಳಿಗೆ ಕೆಲವು ದಿನವಾದರೂ ಸಂಚಾರಿ ಪೀಠ ಕೂತರೆ ಅವನೂ ಅಧಿಕಾರಿಗಳಷ್ಟೇ ಸಲೀಸಾಗಿ ಅರ್ಜಿ ಹಾಕಬಲ್ಲ.