ಟೈಲರ್ ಅಂದರೆ ಅಷ್ಟೇನಾ?

"ಹೊಲಿಗೆ ಕಲಿತರೆ ಏನಾಗ್ತಾಳೆ, ಟೈಲರ್ ಆಗ್ತಾಳೆ, ಅಷ್ಟೇ." ನಮ್ಮ ಮನೆಗಳ ಜಗಲಿಯಲ್ಲಿ ಈ ಮಾತು ಹೊಸದಲ್ಲ. ಪಿಯುಸಿ ಮುಗಿಸಿದ ಮಗಳು ಫ್ಯಾಶನ್ ಡಿಸೈನ್ ಓದುತ್ತೇನೆ ಅಂದರೆ ಬಾಪ ಪೇಪರಿನಿಂದ ತಲೆ ಎತ್ತುವುದಿಲ್ಲ, ಉಮ್ಮ ಬಂದಿರುವ ಸಂಬಂಧದ ಸುದ್ದಿ ತೆಗೆಯುತ್ತಾರೆ. ಅಂಥ ಮನೆಯವರು ಜಪಾನಿನ ಐಕೊ ಇಶಿಯೋಕ ಎಂಬ ಹೆಣ್ಣುಮಗಳ ಬದುಕನ್ನು ಒಮ್ಮೆ ಓದಬೇಕು.

ಐಕೊ ಹುಟ್ಟಿದ್ದು 1938ರಲ್ಲಿ, ಟೋಕಿಯೋದಲ್ಲಿ. ತಂದೆ ಗ್ರಾಫಿಕ್ ಡಿಸೈನರ್. ಮಗಳ ಕೈಚಳಕ ಕಂಡು ಖುಷಿಪಟ್ಟವರೇ, ಆದರೆ ತನ್ನದೇ ಕಸುಬಿಗೆ ಅವಳು ಬರುವುದು ಬೇಡ ಅಂದರು. ಹೆಣ್ಣಿಗೆ ಅಲ್ಲಿ ಕಷ್ಟ ಎಂಬ ಕಾರಣಕ್ಕೆ. ಲೋಕ ಕಂಡ ತಂದೆಯ ಭಯ ಅದು, ಸುಳ್ಳೇನಲ್ಲ. ಮಗಳು ಕೇಳಲಿಲ್ಲ. ಸೌಂದರ್ಯ ಸಾಧನಗಳ ಕಂಪೆನಿ ಶಿಸೈಡೊದ ಸಂದರ್ಶನದಲ್ಲೇ ಆಕೆ ಷರತ್ತು ಹಾಕಿದಳಂತೆ: ಚಹಾ ಮಾಡುವ, ಮೇಜು ಒರೆಸುವ ಕೆಲಸ ತನಗೆ ಹೇಳಬಾರದು, ಗಂಡಸರಿಗೆ ಕೊಡುವಷ್ಟೇ ಸಂಬಳ ಬೇಕು. 1961ರಲ್ಲಿ ಕೆಲಸ ಸಿಕ್ಕಿತು.

ಜಾಹೀರಾತಿನಲ್ಲಿ ಇಪ್ಪತ್ತು ವರ್ಷ ದುಡಿದು ಹೆಸರು ಮಾಡಿದ ಮೇಲೆ, ನಲವತ್ತು ದಾಟಿದ ವಯಸ್ಸಲ್ಲಿ, ಐಕೊ ಊರು ಬಿಟ್ಟು ನ್ಯೂಯಾರ್ಕಿಗೆ ಹೋದರು. ನಮ್ಮಲ್ಲಿ ಆ ವಯಸ್ಸಿಗೆ ಹೆಂಗಸರ ಕಲಿಕೆ ಮುಗಿಯಿತು ಅಂತಲೇ ಲೆಕ್ಕ. 'ಮಿಶಿಮಾ' ಚಿತ್ರಕ್ಕೆ ಅವರು ಹಾಕಿಕೊಟ್ಟ ಸೆಟ್‌ಗಳಿಗೆ 1985ರ ಕಾನ್ ಚಿತ್ರೋತ್ಸವದಲ್ಲಿ ಗೌರವ ಸಿಕ್ಕಿತು. ಬಳಿಕ ನಿರ್ದೇಶಕ ಕೊಪ್ಪೊಲ 'ಡ್ರಾಕುಲಾ' ಚಿತ್ರಕ್ಕೆ ಕರೆದರು. ಸೆಟ್ಟಿಗೆ ಸುರಿಯುವ ದುಡ್ಡನ್ನು ಬಟ್ಟೆಗೆ ಹಾಕೋಣ, ಉಡುಪೇ ಸೆಟ್ ಆಗಲಿ ಎಂಬುದು ಅವರ ಆಲೋಚನೆ. ಐಕೊ ಹಳೆಯ ಕರಿ ನಿಲುವಂಗಿಯ ಡ್ರಾಕುಲಾನನ್ನು ಬದಿಗೆ ಸರಿಸಿದರು. ಚರ್ಮ ಸುಲಿದ ಮಾಂಸಖಂಡದಂತೆ ಕಾಣುವ ಕೆಂಪು ರಕ್ಷಾಕವಚ ಮಾಡಿಸಿದರು. ಮದುಮಗಳ ಉಡುಪಿನ ಕೊರಳಪಟ್ಟಿಗೆ ಮಾದರಿ ಯಾವುದು ಗೊತ್ತೇ? ಕತ್ತಿನ ಸುತ್ತ ಚರ್ಮವನ್ನು ಕೊಡೆಯಂತೆ ಬಿಚ್ಚುವ ಒಂದು ಜಾತಿಯ ಹಲ್ಲಿ! 1993ರಲ್ಲಿ ಆಸ್ಕರ್ ಬಂತು.

ಇದು ಬರೀ ಹೊಲಿಗೆಯಲ್ಲ. ಚಿತ್ರಕತೆ ಓದಬೇಕು, ಆ ಪಾತ್ರದ ಕಿಸೆಯಲ್ಲಿ ಎಷ್ಟು ದುಡ್ಡಿದೆ, ಮನಸ್ಸಲ್ಲಿ ಏನಿದೆ ಅಂತ ತಿಳಿಯಬೇಕು. ದೀಪದ ಬೆಳಕಿಗೆ ಬಣ್ಣ ಹೇಗೆ ಬದಲಾಗುತ್ತದೆ, ಓಡುವಾಗ ಬಟ್ಟೆ ಎಲ್ಲಿ ಹಿಡಿಯುತ್ತದೆ ನೋಡಬೇಕು. 'ದಿ ಸೆಲ್' ಚಿತ್ರದಲ್ಲಿ ನಟಿ ಜೆನಿಫರ್ ಲೋಪೆಜ್ ತನ್ನ ಉಡುಪನ್ನು ಸ್ವಲ್ಪ ಸಡಿಲ ಮಾಡಿಕೊಡಿ ಎಂದು ಕೇಳಿದಾಗ ಐಕೊ ಒಪ್ಪಲಿಲ್ಲ. ಈ ದೃಶ್ಯದಲ್ಲಿ ನೀವು ಹಿಂಸೆ ಅನುಭವಿಸಬೇಕಾದವರು, ಅಂದುಬಿಟ್ಟರು. ಅವರು ಮಾಡಿದ್ದೆಲ್ಲ ನಮ್ಮ ಕಣ್ಣಿಗೆ ಒಗ್ಗುವಂಥದ್ದಲ್ಲ, ಅದು ಬೇರೆ ಮಾತು. ಕೆಲಸದ ಮೇಲಿನ ಆ ಹಟ ನೋಡಿ.

ಆ ಚಿತ್ರದ ನಿರ್ದೇಶಕ ತರ್ಸೆಮ್ ಸಿಂಗ್ ನಮ್ಮ ಜಲಂಧರದಲ್ಲಿ ಹುಟ್ಟಿದವರು. ಐಕೊ ಅವರ ನಾಲ್ಕು ಚಿತ್ರಗಳಿಗೆ ಉಡುಪು ಮಾಡಿದರು. 'ದಿ ಫಾಲ್' ಚಿತ್ರದಲ್ಲಿ ಜೋಧಪುರದ ನೀಲಿ ಮನೆಗಳು, ಫತೇಪುರ್ ಸಿಕ್ರಿ, ಚಾಂದ್ ಬಾವಡಿಯ ಮೆಟ್ಟಿಲುಗಳ ನಡುವೆ ಆ ಬಟ್ಟೆಗಳು ಓಡಾಡುತ್ತವೆ. 2008ರ ಬೀಜಿಂಗ್ ಒಲಿಂಪಿಕ್ಸ್ ಉದ್ಘಾಟನೆಯ ಉಡುಪುಗಳ ಹೊಣೆಯೂ ಅವರದೇ.

ಅಂದಹಾಗೆ, ಭಾರತೀಯರೊಬ್ಬರಿಗೆ ಮೊದಲ ಆಸ್ಕರ್ ಸಿಕ್ಕಿದ್ದು ನಟನೆಗಲ್ಲ, ಹಾಡಿಗೂ ಅಲ್ಲ. 1983ರಲ್ಲಿ 'ಗಾಂಧಿ' ಚಿತ್ರದ ಉಡುಪಿಗಾಗಿ ಕೊಲ್ಹಾಪುರದ ಭಾನು ಅಥೈಯಾ ಅದನ್ನು ಜಾನ್ ಮೊಲ್ಲೊ ಜೊತೆ ಹಂಚಿಕೊಂಡರು. ಈ ಹೆಸರು ನಮ್ಮ ಎಷ್ಟು ಮಕ್ಕಳಿಗೆ ಗೊತ್ತು?

ಎಲ್ಲ ಹುಡುಗಿಯರೂ ಐಕೊ ಆಗುತ್ತಾರೆ ಅಂತ ನಾವು ಹೇಳುತ್ತಿಲ್ಲ. ಫೀಸು ದುಬಾರಿ, ಸಿನೆಮಾ ಲೋಕದ ಬಗ್ಗೆ ಹೆತ್ತವರಿಗಿರುವ ಅಂಜಿಕೆಯೂ ಕಾರಣವಿಲ್ಲದ್ದಲ್ಲ. ಆದರೆ ಹಬ್ಬಕ್ಕೆ ಮನೆಮಂದಿಗೆಲ್ಲ ಬಟ್ಟೆ ಹೊಲಿದುಕೊಟ್ಟ ಮಗಳ ಕೈ ಹೊಗಳಿ, ಅದೇ ಕೈಯ ಓದಿಗೆ ಬೇಡ ಅನ್ನುವುದು ಯಾವ ನ್ಯಾಯ? ಕನಿಷ್ಠ ಅರ್ಜಿ ಫಾರಂ ತಂದಾಗ ಕೂತು ಮಾತಾಡಿ.

ಐಕೊ 2012ರ ಜನವರಿಯಲ್ಲಿ ಕ್ಯಾನ್ಸರಿನಿಂದ ತೀರಿಕೊಂಡರು, 73ನೇ ವಯಸ್ಸಲ್ಲಿ. ಅವರ ಕೊನೆಯ ಚಿತ್ರ 'ಮಿರರ್ ಮಿರರ್' ತೆರೆಗೆ ಬಂದದ್ದು ಅದಾದ ಎರಡು ತಿಂಗಳಿಗೆ. ಮರುವರ್ಷ ಆಸ್ಕರ್ ಪಟ್ಟಿಯಲ್ಲಿ ಮತ್ತೆ ಅವರ ಹೆಸರಿತ್ತು.