ಬೇವಿನ ಮರ ಒಣಗಿದರೆ ಊರಿಗೆ ಕೇಡೇ? ಕೊಡಲಿ ಎತ್ತುವ ಮುನ್ನ ಇದನ್ನು ಓದಿ

"ಬೇವಿನ ಮರಗಳು ಒಣಗುತ್ತಿವೆ, ಇದು ಕೇಡಿನ ಸೂಚನೆ, ಎಲ್ಲರಿಗೂ ಕಳಿಸಿ." ಇಂಥ ಸಂದೇಶ ನಿಮ್ಮ ವಾಟ್ಸ್ಯಾಪ್ ಗುಂಪಿಗೂ ಬಂದಿರಬಹುದು. ದೇವಿ ಮುನಿದಿದ್ದಾಳೆ ಎನ್ನುವವರೂ ಇದ್ದಾರೆ, ಮೊಬೈಲ್ ಟವರ್ ಕಾರಣ ಎನ್ನುವವರೂ ಇದ್ದಾರೆ. ಕೂಡ್ಲಿಗಿ, ಕೊಟ್ಟೂರು, ಹಗರಿಬೊಮ್ಮನಹಳ್ಳಿ, ಹಡಗಲಿ, ಹರಪನಹಳ್ಳಿಯಂಥ ಬಯಲುಸೀಮೆಯಲ್ಲಿ ಹೊಲದ ಬದುವಿಗೂ ಗುಡಿಯ ಕಟ್ಟೆಗೂ ನೆರಳು ಕೊಡುವುದು ಬೇವು. ಹಾಗಾಗಿ ಭಯ ಸಹಜ. ಆದರೆ ಕಾರಣ ಬೇರೆ ಇದೆ.

ನಿಜವಾದ ಕಾರಣ ಏನು?

ಇದು ಫೋಮಾಪ್ಸಿಸ್ ಎಂಬ ಶಿಲೀಂಧ್ರದಿಂದ ಬರುವ ತುದಿ ಒಣಗುವ ರೋಗ. ಈ ಕುಲದ ಶಿಲೀಂಧ್ರಗಳು ಹಲವು ಮರ, ಪೊದೆ, ಬೆಳೆಗಳ ಮೇಲೆ ಬೆಳೆಯುತ್ತವೆ. ಬದನೆಕಾಯಿ ಕೊಳೆಸುವುದೂ ಇದರದೇ ಒಂದು ಜಾತಿ. ಬೇವಿಗೆ ತಗಲುವ ಜಾತಿಯನ್ನು ಮೈಸೂರಿನ ಸಂಶೋಧಕರು 1997ರಲ್ಲಿ ಹೊಸದೆಂದು ಗುರುತಿಸಿ, ಬೇವಿನ ಹೆಸರನ್ನೇ ಸೇರಿಸಿ ಫೋಮಾಪ್ಸಿಸ್ ಅಜಾಡಿರಾಕ್ಟೇ ಎಂದು ಕರೆದರು. ಅಂದರೆ ಈ ರೋಗ 5ಜಿ ಬರುವುದಕ್ಕೆ ಎಷ್ಟೋ ವರ್ಷ ಮೊದಲೇ ಇತ್ತು.

ಮಳೆಗಾಲದಲ್ಲಿ ಇದರ ಕಣಗಳು ಮಳೆಹನಿ, ಗಾಳಿಯ ಜೊತೆ ಹರಡುತ್ತವೆ. ಚಿಗುರು ಸುಟ್ಟಂತಾಗಿ, ಕೊಂಬೆ ತುದಿಯಿಂದ ಕೆಳಕ್ಕೆ ಒಣಗುತ್ತದೆ. ಟೀ ಸೊಳ್ಳೆ ಎಂಬ ಕೀಟ ಎಳೆ ಚಿಗುರಿನ ರಸ ಹೀರಿದರೆ ಹಾನಿ ಇನ್ನೂ ಹೆಚ್ಚು. 2021ರಲ್ಲಿ ತೆಲಂಗಾಣದಲ್ಲಿ ಬೇವು ಒಣಗಿದಾಗ ವಿಜ್ಞಾನಿಗಳು ಈ ಎರಡನ್ನೂ ಕಂಡಿದ್ದರು.

ಔಷಧಿ ಮರಕ್ಕೇ ರೋಗವೇ?

ಹೌದು. ಬೇವಿನ ಹೆಸರಾಂತ ಅಂಶ ಅಜಾಡಿರಾಕ್ಟಿನ್ ಮುಖ್ಯವಾಗಿ ಕೀಟಗಳ ವಿರುದ್ಧ ಕೆಲಸ ಮಾಡುತ್ತದೆ, ಅದು ಹೆಚ್ಚಿರುವುದೂ ಬೀಜದಲ್ಲಿ. ಎಲ್ಲ ರೋಗಕ್ಕೂ ಅದು ಗುರಾಣಿಯಲ್ಲ.

ಮರ ಸತ್ತಿದೆಯೇ?

ಬಹುತೇಕ ಇಲ್ಲ. ಕೊಂಬೆಯ ತೊಗಟೆಯನ್ನು ಉಗುರಿನಿಂದ ಕೆರೆದು ನೋಡಿ. ಒಳಗೆ ಹಸಿರಿದ್ದರೆ ಜೀವ ಇದೆ. ಬೇಸಿಗೆಯ ಹೊತ್ತಿಗೆ ಇಂಥ ಮರಗಳು ಸಾಮಾನ್ಯವಾಗಿ ಮತ್ತೆ ಚಿಗುರುತ್ತವೆ. ನಿಜವಾದ ನಷ್ಟ ಹೂವು, ಕಾಯಿಗೆ. ರೋಗ ಜೋರಾದರೆ ಬೇವಿನ ಬೀಜ ಸಿಗುವುದೇ ಕಷ್ಟ. ಬೀಜ ಆಯ್ದು ಮಾರುವವರಿಗೆ, ಬೇವಿನ ಕಷಾಯ ಸಿಂಪಡಿಸುವ ರೈತರಿಗೆ ಇದರ ಬಿಸಿ ತಟ್ಟುತ್ತದೆ. ಯೂರಿಯಾಕ್ಕೆ 2015ರಿಂದ ಕಡ್ಡಾಯವಾಗಿರುವ ಬೇವಿನೆಣ್ಣೆ ಲೇಪನಕ್ಕೂ ಬೇಕಾಗಿರುವುದು ಇದೇ ಬೀಜ.

ಏನು ಮಾಡಬೇಕು?

• ಮರ ಒಣಗಿತೆಂದು ಕಡಿಯಬೇಡಿ, ಬೇಸಿಗೆವರೆಗೆ ಕಾಯಿರಿ.
• ಸಣ್ಣ ಗಿಡವಾದರೆ ಒಣಗಿದ ತುದಿಯನ್ನು ಸ್ವಲ್ಪ ಹಸಿರು ಭಾಗದ ಸಮೇತ ಕತ್ತರಿಸಿ ಸುಡಿ.
• ರೋಗ ಬೀಜದಿಂದಲೂ ಹರಡುತ್ತದೆ. ಸಸಿ ಮಾಡಲು ಆರೋಗ್ಯವಂತ ಮರದ ಬೀಜವನ್ನೇ ಆರಿಸಿ.
• ಔಷಧಿ ಸಿಂಪಡಿಸುವ ಮುನ್ನ ರೈತ ಸಂಪರ್ಕ ಕೇಂದ್ರದಲ್ಲಿ ವಿಚಾರಿಸಿ.

ಇದು ಗಿಡದ ರೋಗ, ಮರದ ನೆರಳಲ್ಲಿ ಕೂತವರಿಗೆ ಅಂಟುವುದಿಲ್ಲ. ಯುಗಾದಿಯ ಬೇವು-ಬೆಲ್ಲಕ್ಕೆ ಔಷಧಿ ಸಿಂಪಡಿಸದ ಮರದ ಹಸಿರು ಚಿಗುರನ್ನೇ ಆರಿಸಿದರೆ ಸಾಕು.

ಕೊನೆಯ ಮಾತು: ಬೇವು ಒಣಗುವುದು ನಿಜ, ಕೇಡಿನ ಸೂಚನೆ ಎಂಬುದು ಸುಳ್ಳು. ಆ ಸಂದೇಶ ಮತ್ತೆ ಬಂದರೆ ಮುಂದಕ್ಕೆ ಕಳಿಸಬೇಡಿ, ಮೊದಲು ತೊಗಟೆ ಕೆರೆದು ನೋಡಿ.