ಹಯವದನ, ಪದ್ಮಿನಿ ಮತ್ತು ನಮ್ಮ ಕಡೆಯ ಹಲ್ಲು

ಹೋದ ತಿಂಗಳು ಮಧುಗಿರಿಯಲ್ಲಿ ಒಂದು ಹವ್ಯಾಸಿ ತಂಡದವರು ‘ಹಯವದನ’ ಆಡಿದರು. ಊರಿಗೆ ಹೋಗಿದ್ದೆ, ಮನೆಯವರನ್ನೆಲ್ಲ ಕಟ್ಟಿಕೊಂಡು ನೋಡಿ ಬಂದೆ. ನಾಟಕ ಚೆನ್ನಾಗಿಯೇ ಇತ್ತು. ಆದರೆ ಮುಗಿದ ಮೇಲೆ ಒಬ್ಬರು ಹಿರಿಯರು ಮೈಕು ಹಿಡಿದು ಇಪ್ಪತ್ತು ನಿಮಿಷ ಮಾತಾಡಿದರಲ್ಲ, ಅದನ್ನು ತಡೆದುಕೊಳ್ಳೋಕಾಗಲಿಲ್ಲ. ಅಪೂರ್ಣ ಮಾನವ, ಪೂರ್ಣತೆಯ ಹಂಬಲ, ದೇಹ-ಬುದ್ಧಿಗಳ ದ್ವಂದ್ವ... ಬಿಎ ಓದುವಾಗ ಗೈಡಿನಲ್ಲಿ ಇದ್ದದ್ದೇ. ಅಲ್ಲೇ ಎದ್ದು ನಿಂತು ಮಾತಾಡುವಷ್ಟು ಧೈರ್ಯ ನನಗಿಲ್ಲ. ಅದಕ್ಕೇ ಇಲ್ಲಿ ಬರೀತಿದ್ದೀನಿ. ಬೈಯೋದಕ್ಕೆ ನೀವೆಲ್ಲ ಇದ್ದೀರಲ್ಲ :-)

ನಾನು ಹೇಳೋದು ಇಷ್ಟೇ. ‘ಹಯವದನ’ ಪೂರ್ಣತೆಯ ನಾಟಕ ಅಂತ ನನಗೆ ಯಾವತ್ತೂ ಅನ್ನಿಸಿಲ್ಲ. ಅದು ನೋಡುವ ಕಣ್ಣಿನ ನಾಟಕ. ಪ್ರೀತಿಸಿದವರು ನಿಮ್ಮ ಮೈಯನ್ನು ಒಂದು ಸಲ ಅಳೆದು ನೋಡಿದರು ಅಂತ ಗೊತ್ತಾದ ಮೇಲೆ ಏನಾಗುತ್ತದೆ ಅನ್ನುವ ನಾಟಕ.

ಓದದವರಿಗೆ ಕಥೆ ಚಿಕ್ಕದಾಗಿ ಹೇಳಿಬಿಡುತ್ತೇನೆ. ಗಿರೀಶ ಕಾರ್ನಾಡರು ಇದನ್ನು ಪ್ರಕಟಿಸಿದ್ದು 1971ರಲ್ಲಿ. ಧರ್ಮಪುರದ ಇಬ್ಬರು ಗೆಳೆಯರು. ದೇವದತ್ತ ಬೆಳ್ಳಗೆ, ನಾಜೂಕು, ಕವಿ, ಬ್ರಾಹ್ಮಣರ ಮನೆ ಹುಡುಗ. ಕಪಿಲ ಕಪ್ಪಗೆ, ಗಟ್ಟಿಮುಟ್ಟು, ಕಮ್ಮಾರನ ಮಗ. ಪದ್ಮಿನಿ ದೇವದತ್ತನ ಹೆಂಡತಿಯಾಗುತ್ತಾಳೆ, ಆದರೆ ಅವಳ ಕಣ್ಣು ಕಪಿಲನ ಮೈಮೇಲೆ. ಕಾಳಿ ಗುಡಿಯಲ್ಲಿ ಗಂಡಸರಿಬ್ಬರೂ ತಲೆ ಕಡಿದುಕೊಳ್ಳುತ್ತಾರೆ. ದೇವಿ ಬದುಕಿಸುತ್ತೇನೆ ಅಂದಾಗ ಪದ್ಮಿನಿ, ಗಾಬರಿಯಲ್ಲೋ ಆಸೆಯಲ್ಲೋ, ತಲೆಗಳನ್ನು ಅದಲುಬದಲಾಗಿ ಇಡುತ್ತಾಳೆ. ಈಗ ಗಂಡ ಯಾರು? ತಲೆ ಯಾರದೋ ಅವನೇ ಅಂತ ಋಷಿಯ ತೀರ್ಪು. ಸರಿ, ದೇವದತ್ತನ ತಲೆ, ಕಪಿಲನ ಮೈ, ಎರಡೂ ಪದ್ಮಿನಿಗೆ ಸಿಕ್ಕಿತು. ಆದರೆ ತಿಂಗಳು ಕಳೆದಂತೆ ಆ ಗಟ್ಟಿ ಮೈ ಮತ್ತೆ ಮೆತ್ತಗಾಗುತ್ತದೆ. ಕಾಡಿಗೆ ಹೋದ ಕಪಿಲನ ಮೆತ್ತನೆ ಮೈ ಅಲ್ಲಿ ಗಟ್ಟಿಯಾಗುತ್ತದೆ.

ಕಥೆಯ ಬೇರು ಹನ್ನೊಂದನೇ ಶತಮಾನದ ಸೋಮದೇವನ ಕಥಾಸರಿತ್ಸಾಗರದ ಬೇತಾಳ ಕಥೆಯಲ್ಲಿದೆ. ಅಲ್ಲಿ ತಲೆ ಅದಲುಬದಲಾಗೋದು ಗಂಡ ಮತ್ತು ಹೆಂಡತಿಯ ಅಣ್ಣನ ನಡುವೆ. ಹಾಗಾಗಿ ಅಲ್ಲಿ ಮೋಹದ ಮಾತೇ ಇಲ್ಲ, ಬರೀ ಒಗಟು. ಅಣ್ಣನ ಜಾಗಕ್ಕೆ ಗೆಳೆಯನನ್ನು ತಂದು ಹೆಣ್ಣಿನ ಕಣ್ಣಿಗೆ ಕೆಲಸ ಕೊಟ್ಟಿದ್ದು ಜರ್ಮನಿಯ ಥಾಮಸ್ ಮಾನ್, 1940ರ ತನ್ನ ಕಿರುಕಾದಂಬರಿಯಲ್ಲಿ. ಕಾರ್ನಾಡರು ಅದನ್ನು ತೆಗೆದುಕೊಂಡು ಭಾಗವತ, ಮುಖವಾಡ, ಅರ್ಧ ಪರದೆ ಎಲ್ಲ ಸೇರಿಸಿ ನಮ್ಮ ಬಯಲಾಟದ ಅಂಗಳಕ್ಕೆ ತಂದರು. ಈ ನಾಟಕ ಮನೆಮಾತಾಗಿದ್ದು ಬಿ.ವಿ. ಕಾರಂತರ ಕೈಯಲ್ಲಿ. ಆ ಕಾರಂತರು ಚಿಕ್ಕ ಹುಡುಗನಾಗಿದ್ದಾಗ ಮನೆ ಬಿಟ್ಟು ಓಡಿಬಂದು ಸೇರಿದ್ದು ನಮ್ಮ ಜಿಲ್ಲೆಯ ಗುಬ್ಬಿ ವೀರಣ್ಣನವರ ಕಂಪನಿಗೆ. (ಇದನ್ನು ಹೇಳಿಕೊಳ್ಳದೆ ತುಮಕೂರಿನವರಿಗೆ ಸಮಾಧಾನ ಆಗಲ್ಲ, ಕ್ಷಮಿಸಿ.)

ಈಗ ಹಲ್ಲಿನ ವಿಷಯಕ್ಕೆ ಬರ್ತೀನಿ.

ನಮ್ಮೂರು ಮಧುಗಿರಿಯಿಂದ ಪಾವಗಡದ ಕಡೆ ಹೋಗುವ ದಾರಿಯಲ್ಲಿದೆ. ಪಾವಗಡ, ಮಧುಗಿರಿ, ಸಿರಾ ಕಡೆಯ ಹಳ್ಳಿಯವರ ಗುರುತು ಹಿಡಿಯೋಕೆ ಮಾತು ಕೇಳಬೇಕಾಗಿಲ್ಲ, ನಕ್ಕರೆ ಸಾಕು. ಬೋರಿನ ನೀರಲ್ಲಿ ಫ್ಲೋರೈಡ್. ಲೀಟರಿಗೆ 1 ಮಿಲಿಗ್ರಾಂ ಒಳಗಿರಬೇಕು, ಬೇರೆ ನೀರೇ ಇಲ್ಲ ಅಂದರೆ 1.5ರವರೆಗೆ ಕುಡಿಯಬಹುದು ಅನ್ನೋದು ಸರ್ಕಾರದ ಲೆಕ್ಕ. ಅದಕ್ಕಿಂತ ಹೆಚ್ಚಿನ ನೀರನ್ನು ಕುಡಿದುಕೊಂಡೇ ಬೆಳೆದ ತಲೆಮಾರು ನಮ್ಮದು. ಹಾಲುಹಲ್ಲು ಬಿದ್ದು ಬರುವ ಹಲ್ಲು ಇನ್ನೂ ವಸಡಿನೊಳಗೆ ಬೆಳೀತಿರುವಾಗಲೇ ಕರೆ ಕೂತುಬಿಡುತ್ತೆ. ಆಮೇಲೆ ಇದ್ದಿಲು, ಉಪ್ಪು, ಬೇವಿನ ಕಡ್ಡಿ, ಪೇಸ್ಟು, ಏನು ಹಾಕಿ ಉಜ್ಜಿದರೂ ಹೋಗಲ್ಲ. ಕೈಕಾಲು ಸೊಟ್ಟಗಾಗುವವರ ಕಷ್ಟದ ಮುಂದೆ ಇದು ಏನೂ ಅಲ್ಲ, ನನಗೆ ಗೊತ್ತು. ಆದರೆ ಹದಿನೆಂಟನೇ ವಯಸ್ಸಿನಲ್ಲಿ ಅದು ಏನೂ ಅಲ್ಲ ಅಂತ ಯಾರಿಗೂ ಅನ್ನಿಸಲ್ಲ. ನಮ್ಮ ಕಡೆ ಹೆಣ್ಣುಮಕ್ಕಳು ನಗುವಾಗ ಕೈ ತಾನಾಗಿ ಬಾಯಿ ಮುಂದೆ ಬರುತ್ತೆ. ಅದನ್ನು ನಾಚಿಕೆ ಅಂತ ತಿಳಿದು ಹೊರಗಿನವರು ಹೊಗಳುತ್ತಾರೆ!

ನಾನು ಓದುವಾಗ ನಮ್ಮ ಕಾಲೇಜಿನಲ್ಲೂ ‘ಹಯವದನ’ ಆಡಿಸಿದ್ದರು. ನನಗೆ ದೇವದತ್ತನ ಮಾತೆಲ್ಲ ಬಾಯಿಪಾಠ. ಆಡಿಸಿದವರು ನನ್ನ ಕಡೆ ಒಂದು ಸಲ ನೋಡಿ, "ನೀನು ಕುದುರೆ ಮಾಡು" ಅಂದರು. ಕುದುರೆ ಅಂದರೆ ಮುಖವಾಡ. ಮುಖವಾಡದೊಳಗೆ ಹಲ್ಲು ಕಾಣಲ್ಲ. ನಮ್ಮ ತರಗತಿಯಲ್ಲಿ ಎಲ್ಲರಿಗಿಂತ ಚೆನ್ನಾಗಿ ಹಾಡುತ್ತಿದ್ದ ಪಾವಗಡ ಕಡೆಯ ಹುಡುಗಿಗೆ ಗೊಂಬೆಯ ಪಾತ್ರ. ಮುಖದ ತುಂಬ ಬಣ್ಣ, ತುಟಿ ಮುಚ್ಚಿಕೊಂಡೇ ಮಾತಾಡುವ ಹಾಗೆ ಅವಳಿಗೆ ಹೇಳಿಕೊಟ್ಟಿದ್ದರು. ಪದ್ಮಿನಿ ಮಾಡಿದವಳು ಬೆಂಗಳೂರಿಂದ ವರ್ಗವಾಗಿ ಬಂದಿದ್ದ ಅಧಿಕಾರಿಯೊಬ್ಬರ ಮಗಳು. ಚೆಂದ ಇದ್ದಳು, ಮಾತು ಮಾತ್ರ ಅರ್ಧಕ್ಕರ್ಧ ಮರೆತಳು. ಆ ವಯಸ್ಸಲ್ಲಿ ನಮಗೆ ಇದು ಅನ್ಯಾಯ ಅಂತ ಹೊಳೆಯಲೂ ಇಲ್ಲ. ಹೀಗೇ ಇರೋದು ಅಂದುಕೊಂಡೆವು.

ಮುಂದೆ ಬೆಂಗಳೂರಿಗೆ ಹೋದೆ, ಕೆಲಸ ಸಿಕ್ಕಿತು. ಅಲ್ಲೇ ಪರಿಚಯವಾದವಳು ನನ್ನ ಹೆಂಡತಿ. ತೀರ್ಥಹಳ್ಳಿ ಕಡೆಯವಳು, ಮಳೆನೀರಿನ ಊರಿನವಳು. ಬಾಯಿ ತುಂಬ ನಗುತ್ತಾಳೆ. ಮದುವೆಯಾಗಿ ನಾಲ್ಕು ವರ್ಷ ಅವಳು ನನ್ನ ಹಲ್ಲಿನ ಬಗ್ಗೆ ಒಂದು ಮಾತು ಆಡಿದವಳಲ್ಲ. ಅವಳ ತಮ್ಮನ ಮದುವೆ ಗೊತ್ತಾದಾಗ ಒಂದು ರಾತ್ರಿ, ಬಟ್ಟೆ ಮಡಚುತ್ತಾ, ನನ್ನ ಮುಖ ನೋಡದೆ ಕೇಳಿದಳು. "ಒಂದ್ಸಲ ಡಾಕ್ಟ್ರ ಹತ್ರ ತೋರಿಸಿ ನೋಡ್ಬಾರ್ದಾ? ಈಗ ಕ್ಯಾಪ್ ಹಾಕ್ತಾರಂತೆ. ಫೋಟೋ ಗೀಟೋ ಇರುತ್ತಲ್ಲ..."

ಅಷ್ಟೇ. ಕೆಟ್ಟ ಮಾತಲ್ಲ. ಆದರೆ ನನ್ನ ತಲೆಯಲ್ಲಿ ಓಡಿದ್ದು ಬೇರೆ. ಈ ನಾಲ್ಕು ವರ್ಷ ಇವಳು ನೋಡ್ತಾನೇ ಇದ್ದಳು. ನಾನು ನಕ್ಕಾಗಲೆಲ್ಲ ನೋಡ್ತಿದ್ದಳು, ಹೇಳ್ತಿರಲಿಲ್ಲ. ಆಮೇಲೆ ಅವಳು ನನ್ನ ಕಡೆ ತಿರುಗಿದರೆ ಸಾಕು, ನಾನು ಬಾಯಿ ಮುಚ್ಚಿಕೊಳ್ಳೋಕೆ ಶುರು ಮಾಡಿದೆ. ಸುಮಾರು ಒಂದು ತಿಂಗಳು ನಮ್ಮ ಮನೆಯಲ್ಲಿ ಊಟಕ್ಕೆ ಬಡಿಸಿದೆ, ಗ್ಯಾಸ್ ಮುಗಿದಿದೆ, ಇಷ್ಟೇ ಮಾತು.

ಆಗ ನನಗೆ ಮತ್ತೆ ನೆನಪಾದದ್ದು ನಾಟಕದ ಗೊಂಬೆಗಳು. ದೇವದತ್ತ ಉಜ್ಜಯಿನಿಯ ಜಾತ್ರೆಯಿಂದ ತಂದ ಎರಡು ಗೊಂಬೆಗಳು. ಅವನ ಕೈ ದಿನದಿಂದ ದಿನಕ್ಕೆ ಮೆತ್ತಗಾಗುತ್ತಿದೆ ಅಂತ ಮೊದಲು ಗೊತ್ತಾಗೋದು ಅವಕ್ಕೆ. ಪದ್ಮಿನಿಯ ಕನಸಲ್ಲಿ ಯಾರು ಬರುತ್ತಾರೆ ಅಂತಲೂ ಅವಕ್ಕೆ ಗೊತ್ತು. ಮನೆಯೊಳಗೆ ಯಾರೂ ಬಾಯಿಬಿಟ್ಟು ಹೇಳದ ಲೆಕ್ಕವನ್ನು ಅವು ಇಟ್ಟಿರುತ್ತವೆ. ಇಡೀ ನಾಟಕದಲ್ಲಿ ನನಗೆ ಎಲ್ಲಕ್ಕಿಂತ ಭಯ ಹುಟ್ಟಿಸೋದು ತಲೆ ಕಡಿಯುವ ದೃಶ್ಯ ಅಲ್ಲ, ಈ ಗೊಂಬೆಗಳ ಪಿಸುಮಾತು. ಗಂಡ ಹೆಂಡತಿ ನಡುವಿನ ಬಿರುಕು ಹೀಗೇ ಶುರುವಾಗೋದು. ಪದ್ಮಿನಿ ಒಂದು ದಿನವೂ ಜಗಳ ಆಡಿ ಬಿಟ್ಟುಹೋಗಲ್ಲ. ಅವಳು ಸುಮ್ಮನೆ ನೋಡುತ್ತಾಳೆ. ಅವನಿಗೆ ಅದು ಗೊತ್ತಾಗುತ್ತೆ.

"ಪದ್ಮಿನಿ ಅತಿಯಾಸೆ ಪಟ್ಟಳು" ಅಂತ ಆ ಹಿರಿಯರು ಹೇಳಿದರು. ಒಪ್ಪಲ್ಲ ಸ್ವಾಮಿ. ಹೆಣ್ಣು ನೋಡೋಕೆ ಬಂದವರು ನಡೆಸಿ ನೋಡೋದು, ಮಾತಾಡಿಸೋ ನೆಪದಲ್ಲಿ ಹಲ್ಲು ನೋಡೋದು, ಫೋಟೋದಲ್ಲಿ ಬೆಳ್ಳಗಿದ್ದಳು ಈಗ ಯಾಕೆ ಹಿಂಗೆ ಅನ್ನೋದು, ಇದೆಲ್ಲ ನಮ್ಮ ನಾಲ್ಕು ತಾಲ್ಲೂಕಿನಲ್ಲೂ ಯಾರ ಬಾಯಲ್ಲೂ ಅತಿಯಾಸೆ ಅನ್ನಿಸಿಕೊಂಡಿಲ್ಲ. ಒಬ್ಬಳು ಹೆಣ್ಣು ಮರ ಹತ್ತುತ್ತಿರುವ ಕಪಿಲನ ಬೆನ್ನನ್ನು ಎರಡು ನಿಮಿಷ ನೋಡಿದ್ದಕ್ಕೆ ಇಡೀ ಸಭೆ ಕುರ್ಚಿಯಲ್ಲಿ ಮಿಸುಕಾಡಿತು. ನನ್ನ ಹಿಂದೆ ಕೂತಿದ್ದ ಯಜಮಾನರೊಬ್ಬರಂತೂ ಕೆಮ್ಮಿದರು. ಆ ಕೆಮ್ಮೇ ಈ ನಾಟಕದ ಸರಿಯಾದ ವಿಮರ್ಶೆ ಅಂತ ನನ್ನ ಅಭಿಪ್ರಾಯ :-)

ಹಾಗಂತ ಕಾರ್ನಾಡರ ಮೇಲೆ ನನಗೆ ತಕರಾರಿಲ್ಲ ಅಂತಲ್ಲ. ಕೊನೆಯಲ್ಲಿ ಗಂಡಸರಿಬ್ಬರೂ ಹೊಡೆದಾಡಿ ಸಾಯುತ್ತಾರೆ, ಪದ್ಮಿನಿ ಸತಿ ಹೋಗುತ್ತಾಳೆ. ನೋಡಿದ್ದಕ್ಕೆ ಬೆಂಕಿ. ಅದು ನನಗೆ ಇವತ್ತಿಗೂ ಅರಗಿಲ್ಲ.

ನಮ್ಮ ಕಡೆ ಎಲ್ಲರಿಗೂ ಗೊತ್ತಿರುವ ಇನ್ನೊಂದು ಕಥೆ ನೋಡಿ. ಪಾವಗಡ ಅಂದಮೇಲೆ ಶನಿಮಹಾತ್ಮ. ಹಳ್ಳಿ ಹಳ್ಳಿಯಲ್ಲಿ ರಾತ್ರಿಯೆಲ್ಲ ಹಾರ್ಮೋನಿಯಂ ಮೇಷ್ಟ್ರನ್ನು ಕೂರಿಸಿಕೊಂಡು ಆಡುವ ಆಟ. ವಿಕ್ರಮರಾಜನ ಕೈಕಾಲು ಕಡಿಸಿ ಬಿಸಾಡುತ್ತಾರೆ, ಗಾಣಿಗನೊಬ್ಬ ಎತ್ತಿಕೊಂಡು ಹೋಗಿ ಗಾಣದ ಮೇಲೆ ಕೂರಿಸುತ್ತಾನೆ. ಒಂದು ರಾತ್ರಿ ಅವನು ಹಾಡಿದ ರಾಗಕ್ಕೆ ಊರಿನ ದೀಪಗಳೆಲ್ಲ ಹತ್ತಿಕೊಳ್ಳುತ್ತವೆ. ಅದನ್ನು ಕೇಳಿದ ರಾಜಕುಮಾರಿ ಮದುವೆಯಾದರೆ ಇವನನ್ನೇ ಅಂತ ಹಟ ಹಿಡಿಯುತ್ತಾಳೆ. ಕೈಕಾಲಿಲ್ಲ ಅಂತ ಅಪ್ಪ ತಲೆ ಚಚ್ಚಿಕೊಂಡರೂ ಕೇಳಲ್ಲ. ಜನ್ನನ ‘ಯಶೋಧರ ಚರಿತೆ’ಯ ಅಮೃತಮತಿಯೂ ಹಾಗೇ. ನಡುರಾತ್ರಿ ಮಾವಟಿಗನ ಹಾಡು ಕೇಳಿ ಸೋತವಳು. ಬೆಳಕಿನಲ್ಲಿ ನೋಡಿದರೆ ಅವನು ಕುರೂಪಿ, ಆದರೂ ಬಿಡಲಿಲ್ಲ. ಕಾರ್ನಾಡರು ಆ ಕಥೆಯನ್ನೂ ಬಿಟ್ಟಿಲ್ಲ, 1980ರಲ್ಲಿ ‘ಹಿಟ್ಟಿನ ಹುಂಜ’ ಬರೆದರು.

ಇವರಿಬ್ಬರೂ ಕಿವಿಯಿಂದ ಪ್ರೀತಿಸಿದವರು. ಪದ್ಮಿನಿ ಕಣ್ಣಿಂದ. ಹಾಗಾದರೆ ಕಿವಿ ಮೇಲು, ಕಣ್ಣು ಕೀಳು ಅಂತ ನಾನೇನೂ ಹೇಳ್ತಿಲ್ಲ. ಯಾಕೆಂದರೆ ಶನಿಮಹಾತ್ಮೆಯೂ ರಾಜಕುಮಾರಿಯನ್ನು ಹಾಗೇ ಬಿಡಲ್ಲ. ಕೊನೆಗೆ ಶನಿದೇವ ಒಲಿದು ವಿಕ್ರಮನಿಗೆ ಕೈಕಾಲು ವಾಪಸ್ ಕೊಡುತ್ತಾನೆ. ನೋಡುವವರಿಗೆ ಸಮಾಧಾನ. ಕೈಕಾಲಿಲ್ಲದವನ ಜೊತೆ ಅವಳು ಸುಖವಾಗಿದ್ದಳು ಅಂದರೆ ಬೆಳಗಿನ ಜಾವ ಎದ್ದು ಮನೆಗೆ ಹೋಗುವವರು ಒಪ್ಪುತ್ತಿದ್ದರೋ ಇಲ್ಲವೋ.

ಈ ಲೆಕ್ಕದಲ್ಲಿ ‘ಹಯವದನ’ದೊಳಗೇ ಒಬ್ಬಳು ಧೀರೆ ಇದ್ದಾಳೆ, ಅವಳ ಬಗ್ಗೆ ಯಾರೂ ಮಾತಾಡಲ್ಲ. ಹಯವದನನ ತಾಯಿ, ಕರ್ನಾಟಕದ ರಾಜಕುಮಾರಿ. ರಾಜಕುಮಾರನನ್ನು ಬಿಟ್ಟು ಅವನು ಹತ್ತಿ ಬಂದ ಬಿಳಿ ಕುದುರೆಯನ್ನು ಮದುವೆಯಾದವಳು. ವರ್ಷಗಳಾದ ಮೇಲೆ ಕುದುರೆ ಶಾಪ ಕಳೆದು ಸುಂದರ ಗಂಧರ್ವನಾಗಿ ನಿಂತು, ಬಾ ಸ್ವರ್ಗಕ್ಕೆ ಅಂತ ಕರೆದರೆ ಇವಳು ಒಲ್ಲೆ ಅಂದಳು. ಮತ್ತೆ ಕುದುರೆಯಾದರೆ ಬರ್ತೀನಿ ಅಂದಳು! ಅವನು ನೀನೇ ಕುದುರೆಯಾಗು ಅಂತ ಶಪಿಸಿದ, ಅವಳು ಖುಷಿಯಾಗಿ ಓಡಿಹೋದಳು. ನಗೆಚಾಟಿಕೆ ಹಾಗೆ ಬಂದುಹೋಗುವ ಕಥೆ ಅದು. ಕುದುರೆ ಮುಖವಾಡದೊಳಗೆ ನಿಂತು ಆ ಮಾತನ್ನು ಹೇಳಿದವನು ನಾನು. ಆಗ ನಾನೂ ನಕ್ಕಿದ್ದೆ, ಒಳಗೆ, ಯಾರಿಗೂ ಕಾಣದ ಹಾಗೆ.

ಅಂದಹಾಗೆ, ನಾನು ಕ್ಯಾಪ್ ಹಾಕಿಸಿಕೊಂಡೆ. ಮೇಲಿನ ಆರು ಹಲ್ಲಿಗೆ. ಭಾಮೈದನ ಮದುವೆ ಫೋಟೋದಲ್ಲಿ ನಾನು ನಕ್ಕಿದ್ದೀನಿ. ಊರಿಗೆ ಹೋದಾಗ ಅವ್ವ ನನ್ನ ಮುಖ ದಿಟ್ಟಿಸಿ ನೋಡಿ, "ಯಾರ್ ಹಲ್ಲ್ಲಾ ಇವು?" ಅಂದಳು. ಹೆಂಡತಿ ಪಕ್ಕದಲ್ಲೇ ಇದ್ದಳು, ಎದ್ದು ಒಳಗೆ ಹೋದಳು. ಆಮೇಲೆ ಎಷ್ಟೋ ದಿನಕ್ಕೆ ಹೇಳಿದಳು, ಅವತ್ತು ಹಾಗೆ ಕೇಳಬಾರದಿತ್ತು ಅಂತ. ಹಲ್ಲು ಚೆನ್ನಾಗಿದ್ದಾವಾ ಅಂತ ನಾನು ಕೇಳಿದೆ. ಅವಳು ಉತ್ತರ ಕೊಡಲಿಲ್ಲ. ಋಷಿಯ ತೀರ್ಪು ನಮಗೂ ಬೇಕಾಗಿತ್ತೇನೋ, ನಗು ತಲೆಯದೋ ಹಲ್ಲಿನದೋ ಅಂತ.

ಈಗ ನಾಟಕ ಆಡಿಸುವವರಿಗೆ ನನ್ನದೊಂದು ಅರ್ಜಿ. ನಮ್ಮ ಕಡೆ ‘ಹಯವದನ’ ಆಡಿಸುವುದಾದರೆ ದೇವದತ್ತನಿಗೂ ಪದ್ಮಿನಿಗೂ ಬೆಳ್ಳನೆ ಮುಖ, ಬಿಳಿ ಹಲ್ಲು ಹುಡುಕಿಕೊಂಡು ತುಮಕೂರಿಗೆ ಹೋಗಬೇಡಿ. ಹೋದ ತಿಂಗಳು ನೋಡಿದ ತಂಡದಲ್ಲೂ ಅದೇ ಆಗಿತ್ತು. ಮುಂದೆ ನಿಂತವರೆಲ್ಲ ಫಳಫಳ, ನಮ್ಮ ಹುಡುಗರೆಲ್ಲ ಮೇಳದಲ್ಲಿ ಹಿಂದೆ. ಚೆಲುವೆಯೊಬ್ಬಳು ಚೆಲುವನೊಬ್ಬನನ್ನು ನೋಡಿದರೆ ಅದರಲ್ಲಿ ಏನು ಪ್ರಶ್ನೆ ಇದೆ? ಕರೆಗಟ್ಟಿದ ಹಲ್ಲಿನ ನಮ್ಮ ಹುಡುಗಿ ಪದ್ಮಿನಿಯಾಗಿ ಕೈ ಅಡ್ಡ ಇಟ್ಟುಕೊಳ್ಳದೆ ನಕ್ಕು, ಕಪಿಲನ ಬೆನ್ನನ್ನು ಕಣ್ತುಂಬ ನೋಡಲಿ. ಆಗ ಯಜಮಾನರು ಎಷ್ಟು ಸಲ ಕೆಮ್ಮುತ್ತಾರೋ ನೋಡೋಣ.

ನಾಟಕದ ಕೊನೆಗೆ ಪದ್ಮಿನಿಯ ಮಗ ಬರುತ್ತಾನೆ. ನಗದ, ಮಾತಾಡದ ಮಗು. ಪೂರ್ತಿ ಕುದುರೆಯಾಗಿ ಬಂದ ಹಯವದನನನ್ನು ಕಂಡು ಅವನು ಮೊದಲ ಸಲ ನಗುತ್ತಾನೆ. ಅವತ್ತು ಮಧುಗಿರಿಯಲ್ಲಿ ಆ ನಗು ಬರುವ ಹೊತ್ತಿಗೆ ನನ್ನ ಮಗಳೂ ಜೋರಾಗಿ ನಕ್ಕಳು. ಅವಳಿಗೆ ಏಳು ವರ್ಷ, ಮುಂದಿನ ಎರಡು ಹಲ್ಲು ಬಿದ್ದಿವೆ, ಕುಡಿದು ಬೆಳೆದದ್ದು ಬೆಂಗಳೂರಿನ ನೀರು. ಪಕ್ಕದಲ್ಲಿದ್ದ ಅವ್ವನೂ ನಗುತ್ತಿದ್ದಳು, ಸೆರಗು ಬಾಯಿಗೆ ಅಡ್ಡ. ಮಗಳು ಅಜ್ಜಿಯ ಸೆರಗು ಹಿಡಿದು ಎಳೆದಳು. "ಅಜ್ಜಿ, ಕುದುರೆ ನೋಡು, ಕುದುರೆ!" ಅಂತ. ಅವ್ವ ಸೆರಗು ಬಿಟ್ಟಳು. ನನ್ನ ಹೆಂಡತಿ ಫೋನು ಹಿಡಿದು ಒಂದು ಫೋಟೋ ತೆಗೆದಳು. ಕತ್ತಲಲ್ಲಿ ಸರಿಯಾಗಿ ಬಂದಿಲ್ಲ, ಅದಕ್ಕೇ ಇಲ್ಲಿ ಹಾಕಿಲ್ಲ.